ನಗು ಬೇಕು, ನಂಜು ಬೇಡ

‘ನಗು ಒಳ್ಳೆಯ ಔಷಧ’ ಎಂಬ ಮಾತನ್ನು ಕೇಳದವರಿಲ್ಲ. ಬೆಳಗಿನ ಹೊತ್ತು ಉದ್ಯಾನಗಳಲ್ಲಿ ಕೈ ಮೇಲೆತ್ತಿ ‘ಹೊ ಹೊ, ಹ ಹ ಹ’ ಎಂದು ನಗುವ ನಗೆಕೂಟಗಳನ್ನು ನೀವೂ ನೋಡಿರಬಹುದು. ನೋಡಿ ನಕ್ಕಿರಲೂಬಹುದು. ಆದರೆ ಅಲ್ಲಿ ಯಾರೂ ಜೋಕು ಹೇಳುವುದಿಲ್ಲ ಎಂಬುದನ್ನು ಗಮನಿಸಿದ್ದೀರಾ? ನಗೆಕೂಟದಲ್ಲಿ ಜೋಕಿಗೇ ಜಾಗವಿಲ್ಲದೆ ಹೋದದ್ದು ಏಕೆ ಎಂಬುದರ ಹಿಂದೆ ಒಂದು ಸ್ವಾರಸ್ಯಕರ ಸಂಗತಿಯಿದೆ.

1995ರ ಮಾರ್ಚ್ 13ರಂದು ಮುಂಬಯಿಯ ವೈದ್ಯ ಡಾ. ಮದನ್ ಕಟಾರಿಯಾ ಉದ್ಯಾನವೊಂದರಲ್ಲಿ ಮೊದಲ ನಗೆಕೂಟವನ್ನು ಆರಂಭಿಸಿದರು. ಸೇರಿದವರು ಐದೇ ಜನ. ಆರೋಗ್ಯ ಪತ್ರಿಕೆಯೊಂದಕ್ಕೆ ನಗುವಿನ ಬಗ್ಗೆ ಲೇಖನ ಬರೆಯುತ್ತಿದ್ದಾಗ, ಬರೆಯುವುದಕ್ಕಿಂತ ಜನರನ್ನು ನಗಿಸಿಯೇ ನೋಡಬಾರದೇಕೆ ಎಂದು ಅವರಿಗೆ ಅನಿಸಿತ್ತು. ಒಬ್ಬೊಬ್ಬರಾಗಿ ಮಧ್ಯೆ ನಿಂತು ಜೋಕು ಹೇಳುವುದು, ಉಳಿದವರು ನಗುವುದು, ಇದು ಅಂದಿನ ಕ್ರಮ. ಕೆಲವೇ ದಿನಗಳಲ್ಲಿ ಗುಂಪು ಬೆಳೆಯಿತು. ಆದರೆ ಎರಡು ವಾರ ಕಳೆಯುವಷ್ಟರಲ್ಲಿ ಒಳ್ಳೆಯ ಜೋಕುಗಳ ದಾಸ್ತಾನು ಮುಗಿದುಹೋಯಿತು. ಆಮೇಲೆ ಹೊರಬಂದವು ಪೋಲಿ ಜೋಕುಗಳು, ಇನ್ನೊಬ್ಬರನ್ನು ಹೀಯಾಳಿಸುವ ಜೋಕುಗಳು. ಕೆಲವರಿಗೆ ಬೇಸರವಾಯಿತು. ಹೀಗೇ ಆದರೆ ಕೂಟ ಮುಚ್ಚುವುದೇ ವಾಸಿ ಎಂಬ ಮಾತೂ ಬಂತು. ಕಟಾರಿಯಾ ಒಂದು ದಿನದ ಕಾಲಾವಕಾಶ ಕೇಳಿದರು. ಮರುದಿನ, ‘ಇವತ್ತು ಜೋಕೇ ಬೇಡ, ಒಂದು ನಿಮಿಷ ಸುಮ್ಮನೆ ನಗೋಣ’ ಎಂದು ಪ್ರಸ್ತಾಪಿಸಿದರು. ಒತ್ತಾಯದಿಂದ ಶುರುವಾದ ನಗು ಒಬ್ಬರ ಮುಖವನ್ನು ಒಬ್ಬರು ನೋಡುತ್ತಿದ್ದಂತೆ ನಿಜವಾದ ನಗುವಾಯಿತು. ನಿಲ್ಲಿಸುವುದೇ ಕಷ್ಟವಾಯಿತು.

ಈ ಘಟನೆಯಿಂದ ಎರಡು ವಿಷಯಗಳು ತಿಳಿಯುತ್ತವೆ. ಸರಕು ಖಾಲಿಯಾದಾಗ ಕೈಗೆ ಮೊದಲು ಸಿಗುವುದು ಕೀಳು ಹಾಸ್ಯ ಎಂಬುದು ಒಂದು. ಅದನ್ನು ತೆಗೆದುಹಾಕಿದರೂ ನಗು ಸಾಯಲಿಲ್ಲ ಎಂಬುದು ಇನ್ನೊಂದು.

ಆದರೆ ಉದ್ಯಾನದ ನಗು ವ್ಯಾಯಾಮದ ನಗು. ನಾಟಕ, ಸಿನಿಮಾ, ಟಿ.ವಿ., ಮದುವೆಮನೆಯ ಹರಟೆ, ಆಫೀಸಿನ ಕಾಫಿ ಹೊತ್ತಿನ ಮಾತು, ಇವುಗಳ ಹಾಸ್ಯ ಬೇರೆ. ಎರಡರ್ಥದ ಮಾತು, ದೇಹದ ಅಣಕ, ಮಲಮೂತ್ರದ ಜೋಕು, ಇವನ್ನೆಲ್ಲ ತೆಗೆದುಬಿಟ್ಟರೆ ಅಂಥ ಹಾಸ್ಯ ಬದುಕುತ್ತದೆಯೇ? ಸಪ್ಪೆಯಾಗುವುದಿಲ್ಲವೇ? ಇದು ಬರೀ ಸಭ್ಯತೆಯ ಪ್ರಶ್ನೆಯಲ್ಲ. ಆರೋಗ್ಯದ ಪ್ರಶ್ನೆಯೂ ಹೌದು.

ನಗುವಾಗ ಏನಾಗುತ್ತದೆ?

ಮನಸಾರೆ ನಕ್ಕಾಗ ಎದೆ ಮತ್ತು ಹೊಟ್ಟೆಯನ್ನು ಬೇರ್ಪಡಿಸುವ ವಪೆ ಎಂಬ ಸ್ನಾಯು ಮತ್ತೆ ಮತ್ತೆ ಕುಗ್ಗುತ್ತದೆ. ಪಕ್ಕೆಲುಬುಗಳ ನಡುವಣ ಸ್ನಾಯುಗಳು, ಹೊಟ್ಟೆಯ ಸ್ನಾಯುಗಳು ಕೆಲಸ ಮಾಡುತ್ತವೆ. ನಾಡಿಬಡಿತ ತುಸು ಹೊತ್ತು ಏರಿ, ಆಮೇಲೆ ಇಳಿಯುತ್ತದೆ. ಮೈ ಸಡಿಲವಾಗುತ್ತದೆ. 2011ರಲ್ಲಿ ಇಂಗ್ಲೆಂಡಿನ ವಿಜ್ಞಾನಿ ರಾಬಿನ್ ಡನ್ಬರ್ ಮತ್ತು ಸಂಗಡಿಗರು ಪ್ರಕಟಿಸಿದ ಪ್ರಯೋಗಗಳಲ್ಲಿ, ಇತರರೊಡನೆ ಕುಳಿತು ನಕ್ಕವರ ನೋವು ಸಹಿಸುವ ಶಕ್ತಿ ಹೆಚ್ಚಿದ್ದು ಕಂಡುಬಂತು. ಮಿದುಳಿನಲ್ಲಿ ಸ್ರವಿಸುವ ಎಂಡಾರ್ಫಿನ್ ಎಂಬ ನೋವು ನಿವಾರಕ ವಸ್ತು ಇದಕ್ಕೆ ಕಾರಣವಿರಬೇಕು ಎಂದು ಅವರು ವಿವರಿಸಿದರು.

ಅಮೆರಿಕದ ಪತ್ರಕರ್ತ ನಾರ್ಮನ್ ಕಸಿನ್ಸ್ ಅವರ ಅನುಭವವೂ ಹೆಸರಾಗಿದೆ. 1964ರಲ್ಲಿ ಕೀಲುಗಳ ತೀವ್ರ ಕಾಯಿಲೆಯಿಂದ ಹಾಸಿಗೆ ಹಿಡಿದಿದ್ದ ಅವರು ಹಾಸ್ಯ ಚಿತ್ರಗಳನ್ನು ತರಿಸಿ ನೋಡುತ್ತಿದ್ದರು. ಹತ್ತು ನಿಮಿಷ ಹೊಟ್ಟೆ ತುಂಬ ನಕ್ಕರೆ ಎರಡು ಗಂಟೆ ನೋವಿಲ್ಲದ ನಿದ್ದೆ ಬರುತ್ತಿತ್ತು ಎಂದು 1976ರಲ್ಲಿ ವೈದ್ಯಕೀಯ ಪತ್ರಿಕೆಯೊಂದರಲ್ಲಿ ಬರೆದರು. ಇದು ಒಬ್ಬ ವ್ಯಕ್ತಿಯ ಅನುಭವ ಮಾತ್ರ. ನಗು ಕಾಯಿಲೆಯನ್ನು ವಾಸಿ ಮಾಡುತ್ತದೆ ಎನ್ನಲು ಇದಷ್ಟೇ ಸಾಲದು. ಮಾತ್ರೆ ನಿಲ್ಲಿಸಿ ನಗಬೇಕೆಂದು ಯಾವ ವೈದ್ಯರೂ ಹೇಳುವುದಿಲ್ಲ.

ಇನ್ನೊಂದು ಅಧ್ಯಯನ ನಮ್ಮ ಪ್ರಶ್ನೆಗೆ ಹೆಚ್ಚು ಹತ್ತಿರದ್ದು. ಅಮೆರಿಕದ ಮನೋವಿಜ್ಞಾನಿ ರಾಬರ್ಟ್ ಪ್ರೊವೈನ್ ಅಂಗಡಿ, ಬೀದಿ, ಕಾಲೇಜಿನ ಆವರಣಗಳಲ್ಲಿ ಜನ ನಗುವುದನ್ನು ಗಮನಿಸಿ ಸುಮಾರು 1,200 ನಗುವಿನ ಪ್ರಸಂಗಗಳನ್ನು ದಾಖಲಿಸಿದರು. ಅವುಗಳಲ್ಲಿ ಜೋಕೆನ್ನಬಹುದಾದ ಮಾತಿಗೆ ಬಂದ ನಗು ಶೇಕಡ 20ಕ್ಕಿಂತ ಕಡಿಮೆ! ಉಳಿದ ನಗುವೆಲ್ಲ ‘ಓ, ಬಂದ್ಯಾ?’, ‘ನಿಜವಾಗ್ಲೂ?’ ಎಂಬಂಥ ಸಾದಾ ಮಾತುಗಳ ಹಿಂದೆ ಬಂದದ್ದು. ಒಬ್ಬರೇ ಇದ್ದಾಗ ನಗುವುದಕ್ಕಿಂತ ಜೊತೆಯವರಿದ್ದಾಗ ಮೂವತ್ತು ಪಟ್ಟು ಹೆಚ್ಚು ನಗುತ್ತೇವೆ ಎಂದೂ ಅವರು ಕಂಡುಕೊಂಡರು. ಅಂದರೆ ನಗುವಿನ ಬೇರು ಜೋಕಿನಲ್ಲಿಲ್ಲ. ಅದಿರುವುದು ಒಡನಾಟದಲ್ಲಿ.

ಕೀಳು ಹಾಸ್ಯಕ್ಕೆ ನಗು ಬರುವುದೇಕೆ?

ಹಾಗಿದ್ದರೂ ಪೋಲಿ ಜೋಕಿಗೆ ನಗು ಬರುತ್ತದಲ್ಲ, ಏಕೆ? ಕಚಗುಳಿಯನ್ನು ನೆನೆಸಿಕೊಳ್ಳಿ. ಅಣ್ಣ ಕಚಗುಳಿಯಿಟ್ಟರೆ ಮಗು ಬಿದ್ದು ಬಿದ್ದು ನಗುತ್ತದೆ. ಅಪರಿಚಿತರು ಕೈ ಚಾಚಿದರೆ ಅಳುತ್ತದೆ. ತನಗೆ ತಾನೇ ಇಟ್ಟುಕೊಂಡರೆ ಏನೂ ಆಗುವುದಿಲ್ಲ. ಮೈಮೇಲೆ ಒಂದು ಸಣ್ಣ ದಾಳಿ ನಡೆಯಬೇಕು, ಆದರೆ ಅದರಿಂದ ಅಪಾಯವಿಲ್ಲ ಎಂಬ ಭರವಸೆ ಇರಬೇಕು, ಆಗ ನಗು. ಹಾಸ್ಯವೆಲ್ಲ ಇದೇ ಸೂತ್ರದಂತೆ ನಡೆಯುತ್ತದೆ ಎಂದು ಪೀಟರ್ ಮೆಗ್ರಾ ಮತ್ತು ಕೇಲಬ್ ವಾರನ್ ಎಂಬ ಸಂಶೋಧಕರು 2010ರಲ್ಲಿ ವಾದಿಸಿದರು. ಯಾವುದೋ ಒಂದು ಕಟ್ಟುಪಾಡು ಮುರಿಯಬೇಕು, ಆದರೂ ಏನೂ ಕೆಟ್ಟದ್ದಾಗಲಿಲ್ಲ ಎನಿಸಬೇಕು.

ಮುರಿಯಲು ಅತಿ ಸುಲಭವಾದ ಕಟ್ಟುಪಾಡು ಯಾವುದು? ನಾಚಿಕೆಯದ್ದು. ಅದು ಎಲ್ಲರಿಗೂ ಗೊತ್ತು, ಹೆಚ್ಚು ಬುದ್ಧಿ ಖರ್ಚು ಮಾಡಬೇಕಿಲ್ಲ. ಆದ್ದರಿಂದಲೇ ಪಾತ್ರ, ಸನ್ನಿವೇಶ ಯಾವುದೂ ಇಲ್ಲದ ಕಡೆ ಬರೆಯುವವರು ಎರಡರ್ಥದ ಮಾತನ್ನು ಸುರಿಯುತ್ತಾರೆ, ರುಚಿಯಿಲ್ಲದ ಹುಳಿಗೆ ಖಾರ ಸುರಿದ ಹಾಗೆ. ಅದಕ್ಕೆ ನಕ್ಕವರು ಕೆಟ್ಟವರು ಎಂದೇನೂ ಅಲ್ಲ. ಥಟ್ಟನೆ ಬರುವ ನಗು ಯಾರ ಅಪ್ಪಣೆಯನ್ನೂ ಕೇಳುವುದಿಲ್ಲ. ಕೇಳಬೇಕಾದ ಪ್ರಶ್ನೆ ಬೇರೆ. ‘ಅಪಾಯವಿಲ್ಲ’ ಎಂದೆವಲ್ಲ, ಅದು ಯಾರಿಗೆ? ನಕ್ಕವರಿಗೋ, ನಗೆಗೆ ಗುರಿಯಾದವರಿಗೋ?

ಬೆಲೆ ತೆರುವವರು

ದಪ್ಪಗಿರುವ ಹುಡುಗಿಯೊಬ್ಬಳನ್ನು ಊಹಿಸಿಕೊಳ್ಳಿ. ಹಬ್ಬಕ್ಕೆ ಬಂದ ನೆಂಟರೆಲ್ಲ ಅವಳ ತೂಕದ ಬಗ್ಗೆ ಒಂದೊಂದು ಮಾತು ಬಿಡುತ್ತಾರೆ. ‘ತಮಾಷೆಗೆ ಅಂದದ್ದಮ್ಮ’ ಎನ್ನುತ್ತಾರೆ. ಅವಳೂ ನಗುತ್ತಾಳೆ. ಮುಂದಿನ ಹಬ್ಬಕ್ಕೆ ಅವಳಿಗೆ ತಲೆನೋವು, ಕೋಣೆಯಿಂದ ಹೊರಗೆ ಬರುವುದಿಲ್ಲ. ಅಮೆರಿಕದ ಮಿನೆಸೋಟದಲ್ಲಿ 4,746 ಹದಿಹರೆಯದವರ ಮೇಲೆ ನಡೆದು 2003ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ, ತೂಕದ ಬಗ್ಗೆ ಅಣಕಕ್ಕೆ ಗುರಿಯಾದವರಲ್ಲಿ ಖಿನ್ನತೆಯ ಲಕ್ಷಣಗಳು, ಆತ್ಮಹತ್ಯೆಯ ಯೋಚನೆಗಳು ಹೆಚ್ಚಾಗಿದ್ದವು. ಅವರ ನಿಜವಾದ ತೂಕ ಎಷ್ಟೇ ಇರಲಿ, ಅಣಕ ಮಾತ್ರ ಘಾಸಿ ಮಾಡಿತ್ತು. ಉಗ್ಗುವವರು, ಕಿವಿ ಮಂದವಾದ ಅಜ್ಜ, ಮೈಬಣ್ಣ ಕಪ್ಪೆಂದು ಹೇಳಿಸಿಕೊಳ್ಳುವ ಸೊಸೆ, ಇವರ ಪಾಡೂ ಬೇರೆಯಲ್ಲ.

ಇನ್ನು ಕೆಲವರು, ಬೇರೆಯವರು ಹೇಳುವ ಮುಂಚೆ ತಾವೇ ತಮ್ಮನ್ನು ಹೀಯಾಳಿಸಿಕೊಂಡು ನಗಿಸುತ್ತಾರೆ. ‘ಎಷ್ಟು ತಮಾಷೆಯ ಮನುಷ್ಯ!’ ಎನ್ನುತ್ತೇವೆ. ಕೆನಡಾದ ಮನೋವಿಜ್ಞಾನಿ ರಾಡ್ ಮಾರ್ಟಿನ್ ಮತ್ತು ಸಂಗಡಿಗರು 2003ರಲ್ಲಿ ಹಾಸ್ಯದ ಸ್ವಭಾವವನ್ನು ನಾಲ್ಕು ಬಗೆಯಾಗಿ ವಿಂಗಡಿಸಿದರು: ಬಾಂಧವ್ಯ ಬೆಳೆಸುವ ಹಾಸ್ಯ, ಕಷ್ಟದಲ್ಲಿ ತನಗೆ ತಾನೇ ಧೈರ್ಯ ತಂದುಕೊಳ್ಳುವ ಹಾಸ್ಯ, ಇತರರನ್ನು ಚುಚ್ಚುವ ಹಾಸ್ಯ, ತನ್ನನ್ನೇ ತುಳಿದುಕೊಳ್ಳುವ ಹಾಸ್ಯ. ಈ ನಾಲ್ಕನೆಯ ಬಗೆಯವರಲ್ಲಿ ಆತಂಕ, ಖಿನ್ನತೆ ಹೆಚ್ಚು, ಆತ್ಮಗೌರವ ಕಡಿಮೆ ಎಂದು ಕಂಡುಬಂತು. ತನ್ನ ತಪ್ಪಿಗೆ ತಾನು ನಗುವುದು ಆರೋಗ್ಯದ ಲಕ್ಷಣ. ಇತರರ ಪ್ರೀತಿ ಉಳಿಸಿಕೊಳ್ಳಲೆಂದು ತನ್ನನ್ನೇ ತಾನು ಹೊಡೆದುಕೊಳ್ಳುವುದು ಹಾಗಲ್ಲ.

ಮೂರನೆಯ ಹಾನಿ ಹೊರಗೆ ಕಾಣುವುದೇ ಇಲ್ಲ. ಯಾವ ಯಾವ ಕಾಯಿಲೆಗಳ ಮೇಲೆ ಹೆಚ್ಚು ಪೋಲಿ ಜೋಕುಗಳಿವೆಯೋ ಅವೇ ಕಾಯಿಲೆಗಳನ್ನು ಜನ ವೈದ್ಯರ ಮುಂದೆ ಹೇಳಲು ಹಿಂಜರಿಯುತ್ತಾರೆ. ಮೂಲವ್ಯಾಧಿಯೆಂದರೆ ನಗು. ಹಾಗಾಗಿ ಮಲದಲ್ಲಿ ರಕ್ತ ಕಂಡರೂ ಬಾಯಿಬಿಡುವುದಿಲ್ಲ. ಅದು ಕೆಲವೊಮ್ಮೆ ದೊಡ್ಡ ಕರುಳಿನ ಕ್ಯಾನ್ಸರಿನ ಸೂಚನೆಯಾಗಿರಬಹುದು. ಗಂಡಸುತನದ ಜೋಕುಗಳನ್ನು ಜೀವಮಾನವೆಲ್ಲ ಕೇಳಿದ ಗಂಡಸು ತನ್ನ ಲೈಂಗಿಕ ತೊಂದರೆಯನ್ನು ಹೆಂಡತಿಗೂ ಹೇಳದೆ ನಕಲಿ ವೈದ್ಯರ ಬಾಗಿಲು ತಟ್ಟುತ್ತಾನೆ. ನಿಮಿರುವಿಕೆಯ ತೊಂದರೆ ಸಕ್ಕರೆ ಕಾಯಿಲೆಯ ಅಥವಾ ಹೃದಯದ ರಕ್ತನಾಳಗಳ ಕಾಯಿಲೆಯ ಮೊದಲ ಸೂಚನೆ ಆಗಿರಬಹುದು ಎಂಬುದು ಅವನಿಗೆ ತಿಳಿಯುವುದೇ ಇಲ್ಲ. ಹೆರಿಗೆಯ ನಂತರ ಕೆಮ್ಮಿದಾಗ, ನಕ್ಕಾಗ ಮೂತ್ರ ಸೋರುವ ತೊಂದರೆ ಎಷ್ಟೋ ಹೆಂಗಸರಿಗಿದೆ. ಸರಿಯಾದ ವ್ಯಾಯಾಮದಿಂದ ಬಹಳಷ್ಟು ಸುಧಾರಿಸುತ್ತದೆ. ಆದರೆ ನಗೆಪಾಟಲಾಗುವ ಭಯದಿಂದ ಅವರು ಮದುವೆ ಮುಂಜಿಗೆ ಹೋಗುವುದನ್ನೇ ಬಿಡುತ್ತಾರೆ.

ಮನಸ್ಸಿನ ಕಾಯಿಲೆಯಂತೂ ನಮ್ಮಲ್ಲಿ ಸಿದ್ಧ ಜೋಕು. ಬೆಂಗಳೂರಿನ ಕಡೆಯವರು ನಿಮ್ಹಾನ್ಸ್ ಹೆಸರನ್ನು, ಉತ್ತರ ಕರ್ನಾಟಕದವರು ಧಾರವಾಡದ ಆಸ್ಪತ್ರೆಯ ಹೆಸರನ್ನು ಬೈಗುಳದ ಹಾಗೆ ಬಳಸುತ್ತಾರೆ. ಆ ಮಾತಿಗೆ ನಕ್ಕ ಹತ್ತು ಜನರಲ್ಲಿ ಒಬ್ಬರ ಮನೆಯಲ್ಲಾದರೂ ಅಲ್ಲಿಗೆ ಹೋಗಬೇಕಾದವರು ಇರಬಹುದು. ಅವರು ಅಂದೇ ನಿರ್ಧರಿಸಿಬಿಡುತ್ತಾರೆ, ಹೋಗುವುದು ಬೇಡ ಎಂದು.

ಮುಚ್ಚಿಡುವುದು ಮರ್ಯಾದೆಯಲ್ಲ

ಹಾಗೆಂದು ದೇಹದ ವಿಷಯವನ್ನೇ ಎತ್ತಬಾರದು, ಹಾಸ್ಯವೆಂದರೆ ಹಣೆಗೆ ವಿಭೂತಿ ಹಚ್ಚಿ ಕೂರಬೇಕು ಎಂದು ಅರ್ಥವಲ್ಲ. ಹೊಟ್ಟೆ, ಗೊರಕೆ, ಗ್ಯಾಸು ಎಲ್ಲರಿಗೂ ಇರುವಂಥವೇ. ‘ನನಗೂ ಇದೆ, ನಿಮಗೂ ಇದೆ’ ಎಂಬ ಧಾಟಿಯ ಹಗುರ ಮಾತು ರೋಗಿಯ ಬಾಯಿ ಬಿಡಿಸುತ್ತದೆ. ಅನುಭವವಿರುವ ವೈದ್ಯರಿಗೆ, ದಾದಿಯರಿಗೆ ಈ ಗುಟ್ಟು ಗೊತ್ತು. ಆದ್ದರಿಂದ ಯಾವ ಅಂಗದ ಹೆಸರು ಬಂತು ಎಂಬುದು ಅಳತೆಗೋಲಲ್ಲ. ನಗು ಮುಗಿದ ಮೇಲೆ ಯಾರಾದರೂ ಸಣ್ಣವರಾಗಿ ಮನೆಗೆ ಹೋದರೇ ಎಂಬುದೇ ಅಳತೆಗೋಲು.

ಹಾಗಾದರೆ ಹಾಸ್ಯ ನಡೆಯುವುದು ಹೇಗೆ?

ಒಂದು ಮದುವೆಮನೆ. ಊಟದ ಪಂಕ್ತಿಯಲ್ಲಿ ದಪ್ಪನೆಯ ಸೋದರಮಾವ ಕುಳಿತಿದ್ದಾರೆ. ‘ಮಾವನಿಗೆ ಎರಡು ಎಲೆ ಹಾಕ್ರೋ’ ಎಂದು ಯಾರೋ ಕೂಗುತ್ತಾರೆ. ಪಂಕ್ತಿ ನಗುತ್ತದೆ. ಮಾವನೂ ನಗುತ್ತಾರೆ, ಬೇರೆ ದಾರಿಯಿಲ್ಲ.

ಈಗ ಅದೇ ಪಂಕ್ತಿ, ಅದೇ ಮಾವ. ಹೋಳಿಗೆ ಬಡಿಸಲು ಬಂದ ಹುಡುಗನನ್ನು ಅತ್ತೆ ತಡೆಯುತ್ತಾರೆ: ‘ಅವರಿಗೆ ಬೇಡಪ್ಪಾ, ಸಕ್ಕರೆ ಕಾಯಿಲೆ.’ ಮಾವ ಗಂಭೀರವಾಗಿ ಹೇಳುತ್ತಾರೆ: ‘ಇದು ಬೆಲ್ಲದ ಹೋಳಿಗೆ ಅಲ್ವೇನೇ? ಡಾಕ್ಟರು ಹೇಳಿರೋದು ಸಕ್ಕರೆ ಕಾಯಿಲೆ ಅಂತ. ಬೆಲ್ಲದ ಕಾಯಿಲೆ ಅಂತ ಯಾವಾಗ ಹೇಳಿದ್ರು?’

ಪಂಕ್ತಿ ಈಗಲೂ ನಗುತ್ತದೆ. ಆದರೆ ಮೊದಲ ನಗುವಿನಲ್ಲಿ ಮಾವ ಬರೀ ಸರಕು. ಎರಡನೆಯದರಲ್ಲಿ ಅವರೇ ಯಜಮಾನರು. ಇಲ್ಲಿ ಮುರಿದದ್ದು ನಾಚಿಕೆಯ ಕಟ್ಟಲ್ಲ, ತರ್ಕದ ಕಟ್ಟು. ಕೇಳಿದವರಿಗೆಲ್ಲ ಪಥ್ಯ ತಪ್ಪಿಸಲು ತಾವು ಹೂಡಿದ ನೆಪಗಳು ನೆನಪಾಗುತ್ತವೆ. ಅಂದ ಹಾಗೆ, ಬೆಲ್ಲವೂ ರಕ್ತದ ಸಕ್ಕರೆಯನ್ನು ಏರಿಸುತ್ತದೆ. ಮಾವನ ವಾದಕ್ಕೆ ವೈದ್ಯಕೀಯದ ಬೆಂಬಲವಿಲ್ಲ!

ಶುಚಿಯಾದ ಹಾಸ್ಯದ ಮೊದಲ ದಾರಿ ಇದು: ಎಲ್ಲರಲ್ಲೂ ಇರುವ ಪೆದ್ದುತನವನ್ನು ಗುರುತಿಸುವುದು. ಗೊರೂರು ರಾಮಸ್ವಾಮಿ ಅಯ್ಯಂಗಾರರ ಹಳ್ಳಿಯ ಬರಹಗಳಲ್ಲಿ, ಆರ್.ಕೆ. ನಾರಾಯಣ್ ಅವರ ಕಥೆಗಳನ್ನು ಆಧರಿಸಿ ಶಂಕರ್ ನಾಗ್ ಆಗುಂಬೆಯಲ್ಲಿ ಚಿತ್ರೀಕರಿಸಿದ ‘ಮಾಲ್ಗುಡಿ ಡೇಸ್’ ಧಾರಾವಾಹಿಯಲ್ಲಿ ನಗು ಬರುವುದು ಹೀಗೆ. ನೋಡುವವರು ‘ಅಯ್ಯೋ, ಇದು ನಮ್ಮ ಮನೆಯಲ್ಲೂ ಉಂಟಲ್ಲ’ ಎಂದುಕೊಂಡು ನಗುತ್ತಾರೆ.

ಎರಡನೆಯ ದಾರಿ, ನಮಗೆ ಗೊತ್ತಿರುವುದು ಪಾತ್ರಗಳಿಗೆ ಗೊತ್ತಿಲ್ಲದಿರುವುದು. 1990ರಲ್ಲಿ ಬಂದ ‘ಗಣೇಶನ ಮದುವೆ’ ಚಿತ್ರವನ್ನು ಇಂದಿಗೂ ಮನೆಮಂದಿಯೆಲ್ಲ ಕುಳಿತು ನೋಡುತ್ತಾರೆ. ಒಂದೇ ವಠಾರದಲ್ಲಿ ದಿನಾ ಕಚ್ಚಾಡುವ ಇಬ್ಬರು, ಒಬ್ಬರನ್ನೊಬ್ಬರು ಗುರುತಿಸದೆ ಒಲಿದಿದ್ದಾರೆ. ಸನ್ನಿವೇಶವೇ ನಗಿಸುತ್ತಿರುವಾಗ ಎರಡರ್ಥದ ಮಾತಿಗೆ ಕೆಲಸವೇನು?

ಮೂರನೆಯ ದಾರಿ, ಚುಚ್ಚುವ ಮೊನೆಯನ್ನು ಮೇಲಕ್ಕೆ ತಿರುಗಿಸುವುದು. ಮಾಸ್ಟರ್ ಹಿರಣ್ಣಯ್ಯನವರ ‘ಲಂಚಾವತಾರ’ ನಾಟಕದಲ್ಲಿ ಏಟು ತಿಂದದ್ದು ದುರ್ಬಲರಲ್ಲ, ಲಂಚಕೋರರು. ವೈದ್ಯಲೋಕದಿಂದಲೇ ಒಂದು ಉದಾಹರಣೆ ಕೊಡಬಹುದು. ‘ದಿನಕ್ಕೆ ಮೂರು ಮಾತ್ರೆ, ಊಟವಾದ ಮೇಲೆ’ ಎನ್ನುತ್ತಾರೆ ಡಾಕ್ಟರು. ಬಡ ರೋಗಿ ಕೈಮುಗಿದು, ‘ಮಾತ್ರೆ ಸರಿ ಸ್ವಾಮೀ, ಮೂರು ಹೊತ್ತಿನ ಊಟಕ್ಕೂ ಒಂದು ಚೀಟಿ ಬರೆದುಕೊಡಿ’ ಎನ್ನುತ್ತಾನೆ. ನಾವು ನಗುತ್ತೇವೆ. ಆದರೆ ರೋಗಿಯನ್ನು ನೋಡಿಯಲ್ಲ. ಡಾಕ್ಟರು ಬುದ್ಧಿವಂತರಾದರೆ ಅವರೂ ನಗುತ್ತಾರೆ, ಮುಂದಿನ ರೋಗಿಗೆ ಚೀಟಿ ಬರೆಯುವಾಗ ಒಂದು ಕ್ಷಣ ಯೋಚಿಸುತ್ತಾರೆ.

ಕನ್ನಡಕ್ಕೆ ಇದು ಹೊಸದಲ್ಲ. ‘ರಾಶಿ’ ಎಂಬ ಹೆಸರಿನಲ್ಲಿ ಬರೆಯುತ್ತಿದ್ದ ಡಾ. ಎಂ. ಶಿವರಾಂ ವೃತ್ತಿಯಿಂದ ವೈದ್ಯರು. 1942ರಲ್ಲಿ ‘ಕೊರವಂಜಿ’ ಎಂಬ ಹಾಸ್ಯ ಮಾಸಪತ್ರಿಕೆಯನ್ನು ಆರಂಭಿಸಿ ಇಪ್ಪತ್ತೈದು ವರ್ಷ ನಡೆಸಿದರು. ಆರ್.ಕೆ. ಲಕ್ಷ್ಮಣ್ ತಮ್ಮ ಆರಂಭದ ದಿನಗಳಲ್ಲಿ ಅದಕ್ಕೆ ವ್ಯಂಗ್ಯಚಿತ್ರ ಬರೆದರು. ಮನಸ್ಸಿನ ಬಗ್ಗೆ ಬರೆದ ‘ಮನಮಂಥನ’ ಕೃತಿಗೆ ರಾಶಿಯವರಿಗೆ 1976ರ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂತು. ರೋಗಿಗಳ ನಾಡಿ, ಮನಸ್ಸಿನ ಒಳಗು, ನಗೆಪತ್ರಿಕೆ, ಈ ಮೂರನ್ನೂ ಒಬ್ಬರೇ ವೈದ್ಯರು ನಿಭಾಯಿಸಿದ ನಾಡು ನಮ್ಮದು. ಹಾಗೆಂದು ಹಿಂದಿನದೆಲ್ಲ ಶುದ್ಧವಾಗಿತ್ತು ಎನ್ನಲೂ ಬರುವುದಿಲ್ಲ. ಉಗ್ಗುವವರನ್ನು, ಕುಳ್ಳರನ್ನು, ದಪ್ಪಗಿದ್ದವರನ್ನು ನಗೆಸರಕು ಮಾಡಿದ ಹಳೆಯ ನಾಟಕ, ಸಿನಿಮಾಗಳೂ ಬೇಕಾದಷ್ಟಿವೆ. ಎರಡೂ ದಾರಿಗಳು ಯಾವತ್ತೂ ಇದ್ದವು. ಆಯ್ಕೆ ನಮ್ಮದು.

ಮನೆಯಲ್ಲಿ ಏನು ಮಾಡಬಹುದು?

1. ದಿನಕ್ಕೊಮ್ಮೆಯಾದರೂ ಮನೆಯವರೆಲ್ಲ ಟಿ.ವಿ., ಮೊಬೈಲು ಆರಿಸಿ ಒಟ್ಟಿಗೆ ಊಟ ಮಾಡಿ. ‘ಇವತ್ತು ನಾನು ಮಾಡಿದ ಪೆದ್ದು ಕೆಲಸ’ ಎಂದು ಒಬ್ಬೊಬ್ಬರೂ ಒಂದು ಸಂಗತಿ ಹೇಳಲಿ. ಮೊದಲ ಸರದಿ ದೊಡ್ಡವರದು.

2. ತಮಾಷೆಗೆ ಗುರಿಯಾದವರ ತುಟಿ ನಗುತ್ತಿದ್ದರೆ ಸಾಲದು, ಕಣ್ಣನ್ನು ನೋಡಿ. ಕಣ್ಣು ನಗುತ್ತಿಲ್ಲವಾದರೆ ಮಾತು ಬದಲಿಸಿ. ‘ಅಷ್ಟೂ ತಮಾಷೆ ಗೊತ್ತಾಗಲ್ವಾ?’ ಎಂದು ಅವರನ್ನೇ ದೂರಬೇಡಿ.

3. ಬದಲಿಸಲಾಗದ ಸಂಗತಿಗಳನ್ನು, ಅಂದರೆ ಬಣ್ಣ, ಎತ್ತರ, ಉಗ್ಗು, ಅಂಗವೈಕಲ್ಯ, ಬಂಜೆತನ, ಜಾತಿ, ಇವನ್ನು ತಮಾಷೆಯ ಪಟ್ಟಿಯಿಂದ ತೆಗೆದುಹಾಕಿ. ಕಂಜೂಸುತನ, ಜಂಬ, ಸೋಮಾರಿತನ, ಮರೆವಿನ ನೆಪ ಇವೆಲ್ಲ ಇನ್ನೂ ಉಳಿದಿರುತ್ತವೆ. ಒಂದು ಜೀವಮಾನಕ್ಕೆ ಸಾಕು.

4. ಮಕ್ಕಳು ಪೋಲಿ ಜೋಕು ಹೇಳಿದರೆ ಬಾಯಿ ಮುಚ್ಚಿಸುವ ಮೊದಲು ಅದರ ಅರ್ಥ ಗೊತ್ತೇ ಎಂದು ಕೇಳಿ. ಎಷ್ಟೋ ಸಲ ಅದು ಜೋಕಲ್ಲ, ದೇಹದ ಬಗ್ಗೆ ಕೇಳಲಾಗದ ಪ್ರಶ್ನೆ. ವಯಸ್ಸಿಗೆ ತಕ್ಕ ಉತ್ತರ ಕೊಡಿ.

5. ಗುಂಪಿನಲ್ಲಿ ಯಾರಾದರೂ ಒಬ್ಬರನ್ನು ಹೀಯಾಳಿಸಿದಾಗ ಉಪದೇಶ ಮಾಡಬೇಕಿಲ್ಲ. ನಗದೆ ಇದ್ದರೆ ಸಾಕು. ನಗು ಅಂಟುಜಾಡ್ಯದ ಹಾಗೆ ಹರಡುತ್ತದೆ. ಒಬ್ಬರು ನಿಲ್ಲಿಸಿದರೆ ಹರಡುವುದು ನಿಧಾನವಾಗುತ್ತದೆ.

6. ಸದಾ ನಗಿಸುತ್ತಿದ್ದವರು ಇದ್ದಕ್ಕಿದ್ದಂತೆ ಮೌನವಾದರೆ, ಅಥವಾ ಅವರ ತಮಾಷೆಯಲ್ಲಿ ‘ನಾನು ಇದ್ದೇನು ಪ್ರಯೋಜನ’ ಎಂಬ ಧಾಟಿ ಮತ್ತೆ ಮತ್ತೆ ಬಂದರೆ ನಕ್ಕು ಬಿಡಬೇಡಿ. ಪಕ್ಕಕ್ಕೆ ಕರೆದು ಮಾತನಾಡಿಸಿ. ಮನೋವೈದ್ಯರ ಬಳಿಗೆ ಜೊತೆಯಾಗಿ ಹೋಗಿ. ಟೆಲಿ-ಮಾನಸ್ ಸಹಾಯವಾಣಿ 14416ಕ್ಕೆ ಯಾವ ಹೊತ್ತಿನಲ್ಲಾದರೂ ಉಚಿತವಾಗಿ ಕರೆ ಮಾಡಬಹುದು. ಕನ್ನಡದಲ್ಲೂ ಮಾತನಾಡಬಹುದು.

ನಗುವಿಗೂ ಪಥ್ಯವುಂಟು

2013ರಲ್ಲಿ ‘ಬ್ರಿಟಿಷ್ ಮೆಡಿಕಲ್ ಜರ್ನಲ್’ ಪ್ರಕಟಿಸಿದ ಸಮೀಕ್ಷೆಯೊಂದು ನಗುವಿನ ಲಾಭಗಳ ಜೊತೆಗೆ ಅದರಿಂದಾಗುವ ತೊಂದರೆಗಳನ್ನೂ ಪಟ್ಟಿ ಮಾಡಿತ್ತು. ಇತ್ತೀಚೆಗೆ ಹೊಟ್ಟೆಯ ಅಥವಾ ಎದೆಯ ಶಸ್ತ್ರಚಿಕಿತ್ಸೆಯಾದವರು, ಹರ್ನಿಯಾ ಇರುವವರು, ಹತೋಟಿಗೆ ಬಾರದ ರಕ್ತದೊತ್ತಡ ಅಥವಾ ಹೃದ್ರೋಗ ಉಳ್ಳವರು ನಗೆಕೂಟದ ಜೋರು ನಗುವಿಗೆ ಸೇರುವ ಮೊದಲು ವೈದ್ಯರನ್ನು ಕೇಳುವುದು ಒಳ್ಳೆಯದು. ಕೆಲವು ಆಸ್ತಮಾ ರೋಗಿಗಳಿಗೆ ಜೋರಾಗಿ ನಕ್ಕಾಗ ಉಬ್ಬಸ ಬರುತ್ತದೆ. ಅಂಥವರು ತಮ್ಮ ಇನ್ಹೇಲರನ್ನು ಜೊತೆಯಲ್ಲಿಟ್ಟುಕೊಳ್ಳಬೇಕು. ಇವರಾರೂ ನಗಬಾರದೆಂದಲ್ಲ. ನಾಟ್ಯಶಾಸ್ತ್ರದಲ್ಲಿ ಭರತಮುನಿ ನಗುವನ್ನು ಸ್ಮಿತದಿಂದ ಅತಿಹಸಿತದವರೆಗೆ ಆರು ಬಗೆಯಾಗಿ ಹೇಳಿದ್ದಾನೆ. ಮೊದಲಿನದು ಹಲ್ಲು ಕಾಣದ ಮುಗುಳುನಗೆ. ಅದಕ್ಕೆ ಯಾವ ಪಥ್ಯವೂ ಇಲ್ಲ.

ನಮ್ಮ ದೇಹಕ್ಕೆ ನಗು ಬೇಕು. ಆ ನಗುವಿಗೆ ಇನ್ನೊಬ್ಬರ ಮಾನ ಕಚ್ಚಾವಸ್ತುವಾಗಬೇಕಿಲ್ಲ. ಇಂದು ರಾತ್ರಿ ಊಟದ ಹೊತ್ತಿಗೆ ನಿಮ್ಮ ಮನೆಯಲ್ಲಿ ಎದ್ದ ನಗುವಿನಲ್ಲಿ ಎಲ್ಲರ ದನಿಯೂ ಸೇರಿದೆಯೇ ಎಂದು ಒಮ್ಮೆ ಕಿವಿಗೊಟ್ಟು ಕೇಳಿ. ಒಂದು ದನಿ ಕಡಿಮೆಯಿದ್ದರೆ, ಅವರ ಪಕ್ಕದಲ್ಲಿ ಹೋಗಿ ಕುಳಿತುಕೊಳ್ಳಿ.